ಇಪ್ಪತ್ತನಾಲ್ಕನೆಯ ಕಾಳು

ಸಂತ ನಿಕೋಲನ ಹಬ್ಬಕ್ಕೆ ಒಂದು ವಾರವಿರುವಾಗ ರುಮೆನಾ ಅಡುಗೆಮನೆಯ ಮೇಜಿನ ಮೇಲೆ ಬಿಳಿ ಬೀನ್ಸ್ ಕಾಳು ಸುರಿದುಕೊಂಡು ಕಲ್ಲು ಆರಿಸುತ್ತಿದ್ದಳು. ಹಬ್ಬ ಅವಳ ಗಂಡ ನಿಕೋಡಿನನ ಮನೆತನದ್ದು. ಆ ದಿನ ಮಾಂಸವಿಲ್ಲ. ಮಣ್ಣಿನ ಪಾತ್ರೆಯಲ್ಲಿ ಕಾಳು ಬೇಯಿಸಿ, ಮೀನು ಹುರಿದು, ಬಾಗಿಲು ತಟ್ಟಿದವರಿಗೆಲ್ಲ ಬಡಿಸಬೇಕು.

ಎದುರಿಗೆ ಕೂತಿದ್ದ ಕ್ಲಿಮೆ ಬ್ರೆಡ್ಡಿನ ಮೇಲೆ ಆಯ್ವಾರ್ ಬಳಿದುಕೊಳ್ಳುತ್ತಿದ್ದ. ಸುಟ್ಟ ಕೆಂಪು ಮೆಣಸಿನಕಾಯಿಯ ಈ ಗೊಜ್ಜನ್ನು ರುಮೆನಾ ಸೆಪ್ಟೆಂಬರಿನಲ್ಲಿ ಮಾಡಿಟ್ಟರೆ, ಕ್ರಿಸ್‌ಮಸ್ಸಿನೊಳಗೆ ಅರ್ಧ ಇವನ ಹೊಟ್ಟೆಗೇ ಹೋಗುತ್ತಿತ್ತು. ಇಪ್ಪತ್ತೆರಡು ವರ್ಷದ ಕ್ಲಿಮೆ ವಿನ್ಯಾನಿ ಊರಿನ ಲೊಜಾರ್ ಫುಟ್‌ಬಾಲ್ ತಂಡದ ಗೋಲಿ, ಅಂದರೆ ಗೋಲ್‌ಕೀಪರ್. ಜುಲೈವರೆಗೆ ಆ ಜಾಗ ನಿಕೋಡಿನನದಾಗಿತ್ತು. ಹದಿನೆಂಟು ವರ್ಷ ಅವನೇ ನಿಂತಿದ್ದ. ಮೇ ತಿಂಗಳಲ್ಲಿ ದೇಶದ ಕಪ್ ಗೆದ್ದು ಲೊಜಾರ್ ಮೊದಲ ಸಲ ಯುರೋಪಿನ ಟೂರ್ನಿಗೆ ಅರ್ಹತೆ ಪಡೆದಾಗಲೂ ಗೋಲಿನಲ್ಲಿದ್ದವನು ಅವನೇ. ಯುರೋಪಿನ ಮೊದಲ ಪಂದ್ಯಕ್ಕೆ ಮುಂಚೆ ಅಭ್ಯಾಸದಲ್ಲಿ ಕಂಬಕ್ಕೆ ಬಡಿದು ಬೆರಳು ಮುರಿಯಿತು. ಬೆರಳು ಕೂಡುವಷ್ಟರಲ್ಲಿ ಬೇಸಗೆಯ ಅರ್ಹತಾ ಸುತ್ತುಗಳು ಮುಗಿದಿದ್ದವು. ಕ್ಲಿಮೆ ಚೆನ್ನಾಗಿ ಆಡಿದ್ದ. ಚೆನ್ನಾಗಿ ಆಡಿದವನನ್ನು ಯಾರು ತೆಗೆಯುತ್ತಾರೆ?

"ಇದೇನು ಲೆಕ್ಕವೋ, ನನಗಂತೂ ತಲೆಬುಡ ಗೊತ್ತಾಗಿಲ್ಲ," ಎಂದಳು ರುಮೆನಾ. "ಐದು ಮ್ಯಾಚ್ ಆಡಿದ್ರಿ. ಎರಡು ಗೆದ್ರಿ, ಎರಡು ಸೋತ್ರಿ, ಒಂದು ಡ್ರಾ. ಈಗ ನೀವು ಪಾಸಾ, ಫೇಲಾ?"

"ಅದು ಯಾರಿಗೂ ಗೊತ್ತಿಲ್ಲ ಕಣೇ," ಎಂದು ನಿಕೋಡಿನ್ ಅವಳು ಆರಿಸಿಟ್ಟ ಕಾಳಿಗೆ ಕೈ ಹಾಕಿದ.

"ಕಲ್ಲು ತೆಗ್ದಿರೋದನ್ನ ಮುಟ್ಬೇಡ."

"ಮೂವತ್ತಾರೇ ಮೂವತ್ತಾರು. ವಾಪಸ್ ಕೊಡ್ತೀನಿ." ಮೇಜಿನಂಚಿಗೆ ಉದ್ದಕ್ಕೆ ಒಂದೊಂದೇ ಕಾಳು ಜೋಡಿಸಿದ. ಮುರಿದು ಕೂಡಿದ ಬೆರಳು ಸೊಟ್ಟಗೆ ನಿಂತಿತ್ತು. "ನೋಡು, ಮೂವತ್ತಾರು ತಂಡ. ಎಲ್ಲಾ ಒಂದೇ ಸಾಲು, ಒಂದೇ ಪಟ್ಟಿ. ಒಬ್ಬೊಬ್ಬರಿಗೂ ಆರು ಮ್ಯಾಚು, ಆರು ಬೇರೆ ಬೇರೆ ತಂಡದ ಮೇಲೆ. ಮೂರು ನಮ್ಮನೇಲಿ, ಮೂರು ಅವರ ಮನೇಲಿ."

"ನಿಮ್ಮನೇಲಿ ಎಲ್ಲಿ ಆಡಿದ್ರಿ? ಮೂರಕ್ಕೂ ಬಸ್ಸು ಹತ್ಕೊಂಡು ಸ್ಕೋಪ್ಯೆಗೇ ಹೋಗೋದಲ್ವಾ?"

"ನಮ್ಮ ಮೈದಾನದಲ್ಲಿ ದೀಪ ಸಾಲಲ್ಲ, ಕುರ್ಚಿ ಸಾಲಲ್ಲ. ಕಾಗದದ ಮೇಲೆ ರಾಜಧಾನಿನೇ ನಮ್ಮನೆ." ಮೊದಲ ಎಂಟು ಕಾಳನ್ನು ಬೆರಳಿನಿಂದ ಪಕ್ಕಕ್ಕೆ ತಳ್ಳಿದ. "ಈ ಎಂಟು ಜನ ದೊರೆಗಳು. ನೇರವಾಗಿ ಕೊನೇ ಹದಿನಾರಕ್ಕೆ. ಒಂಬತ್ತರಿಂದ ಇಪ್ಪತ್ತನಾಲ್ಕು, ಇವರು ಫೆಬ್ರವರಿಯಲ್ಲಿ ಜೋಡಿ ಜೋಡಿಯಾಗಿ ಹೊಡೆದಾಡ್ಬೇಕು. ಅಲ್ಲೊಂದು ಮ್ಯಾಚು, ಇಲ್ಲೊಂದು ಮ್ಯಾಚು, ಎರಡರ ಗೋಲೂ ಸೇರಿಸಿ ಯಾರ್ದು ಜಾಸ್ತಿಯೋ ಅವರು ಮುಂದಕ್ಕೆ. ಈ ಕೊನೇ ಹನ್ನೆರಡು ಮನೆಗೆ." ಆ ಹನ್ನೆರಡನ್ನು ರುಮೆನಾಳ ಕಲ್ಲಿನ ಗುಡ್ಡೆಯ ಕಡೆ ತಳ್ಳಿದ.

"ನೀವು ಯಾವ ಕಾಳು?"

"ಇದು." ಇಪ್ಪತ್ತಮೂರನೆಯದನ್ನು ಮುಟ್ಟಿದ. "ಈಗ ಇಲ್ಲಿ. ಮುಂದಿನ ಗುರುವಾರ ಎಲ್ಲಿರ್ತೀವೋ! ಅವತ್ತು ಹದಿನೆಂಟು ಮ್ಯಾಚೂ ಒಂದೇ ಹೊತ್ತಿಗೆ ಶುರು. ಒಬ್ಬರದ್ದು ನೋಡ್ಕೊಂಡು ಇನ್ನೊಬ್ಬರು ಲೆಕ್ಕ ಹಾಕಿ ಆಡಬಾರದು ಅಂತ. ಡ್ರಾ ಮಾಡಿದ್ರೆ ನಾವು ಗ್ಯಾರಂಟಿ ಪಾಸು. ಸೋತ್ರೆ, ಲಾಟ್ವಿಯಾದಲ್ಲಿ ಯಾವನೋ ಗೋಲ್ ಹೊಡೆದ್ರೆ ನಾವಿಲ್ಲಿ ಕೆಳಕ್ಕೆ."

"ಮುಂಚೆ ಇಷ್ಟು ತಾಪತ್ರಯ ಇರ್ಲಿಲ್ಲ ಅಲ್ವಾ?"

"ಮುಂಚೆ ನಾಲ್ಕು ನಾಲ್ಕು ತಂಡದ ಗುಂಪು. ನಾಲ್ಕನೇ ಮ್ಯಾಚು, ಐದನೇ ಮ್ಯಾಚಿಗೇ ತುಂಬಾ ಜನರ ಕಥೆ ಮುಗಿದಿರೋದು. ಇವನು ಪಾಸು, ಇವನು ಸತ್ತ. ಆರನೇದು ಬರೀ ಹೆಸರಿಗೆ. ಆಗ..." ನಿಕೋಡಿನ್ ಮಾತು ನಿಲ್ಲಿಸಿ, ಎದ್ದು, "ವೈನ್ ತರ್ತೀನಿ" ಎಂದು ನೆಲಮಾಳಿಗೆಗೆ ಇಳಿದ.

ಆಗ ಏನಾಗುತ್ತಿತ್ತು ಎಂಬುದು ಕ್ಲಿಮೆಗೆ ಗೊತ್ತಿತ್ತು. ಆಗಸ್ಟಿನಲ್ಲಿ ಕೋಚ್ ಸ್ಪಿರೋ ಇಬ್ಬರು ಗೋಲಿಗಳನ್ನೂ ಕೂರಿಸಿಕೊಂಡು ಮಾತಾಡಿದ್ದರು. ಅವರು ಮೊದಲು ಶಾಲೆಯಲ್ಲಿ ವ್ಯಾಯಾಮದ ಮೇಷ್ಟ್ರು, ಈಗಲೂ ಎಲ್ಲರಿಗೂ ಮೇಷ್ಟ್ರೇ. "ನಿಕೋಡಿನ್, ಜಾಗ ಹುಡುಗನದ್ದು. ಆದರೆ ಈ ಆರರಲ್ಲಿ ಒಂದು ಮ್ಯಾಚು ಲೆಕ್ಕಕ್ಕಿಲ್ಲ ಅಂತಾದ ದಿನ ಅದು ನಿನ್ನದು. ಮಾತು ಕೊಟ್ಟಿದ್ದೀನಿ," ಎಂದಿದ್ದರು. ನಿಕೋಡಿನನಿಗೆ ಮೂವತ್ತೆಂಟು. ಡಿಸೆಂಬರಿಗೆ ಕರಾರು ಮುಗಿಯುತ್ತದೆ. ಯುರೋಪಿನ ಪಂದ್ಯದಲ್ಲಿ ಒಂದೇ ಒಂದು ಸಲ ಗೋಲಿನಲ್ಲಿ ನಿಲ್ಲಬೇಕು. ಅವನು ಕೇಳಿದ್ದು ಅಷ್ಟೇ.

ಅಕ್ಟೋಬರಿನಿಂದ ಇಲ್ಲಿಯವರೆಗೆ ಲೆಕ್ಕಕ್ಕಿಲ್ಲದ ಪಂದ್ಯ ಬರಲೇ ಇಲ್ಲ. ಈ ಹೊಸ ಪಟ್ಟಿ ಯಾರನ್ನೂ ಸಾಯಲು ಬಿಡುವುದಿಲ್ಲ. ಮೂವತ್ತಾರರಲ್ಲಿ ಇಪ್ಪತ್ತನಾಲ್ಕು ಜನರನ್ನು ಉಳಿಸಿಕೊಳ್ಳುವ ಪಟ್ಟಿಯಲ್ಲಿ ಸತತ ಎರಡು ಸೋತವನಿಗೂ ಆಸೆ ಇರುತ್ತದೆ. ಹೋದ ಪಂದ್ಯ ಗೆದ್ದಾಗ ಬಟ್ಟೆ ಬದಲಿಸುವ ಕೋಣೆಯಲ್ಲಿ ಕೈ ಕೈ ಹಿಡಿದು ಕುಣಿತ ಶುರುವಾಯಿತು. ಮುಂದೆ ನಿಂತು ಕರವಸ್ತ್ರ ಬೀಸಿದವನು ನಿಕೋಡಿನ್. ಆ ಗೆಲುವಿನಿಂದ ತನ್ನ ಪಂದ್ಯ ಇನ್ನಷ್ಟು ದೂರ ಹೋಯಿತು ಎಂದು ಅವನಿಗೆ ಗೊತ್ತಿರಲಿಲ್ಲವೆ? ಗೊತ್ತಿತ್ತು. ಗೊತ್ತಿದ್ದೂ ಎಲ್ಲರಿಗಿಂತ ಎತ್ತರಕ್ಕೆ ಹಾರಿದ್ದ.

"ಒಂದು ನಿಮಿಷ ನಿಂತ್ರೂ ಸಾಕು ಅವನಿಗೆ," ಎಂದಳು ರುಮೆನಾ ತಗ್ಗಿದ ದನಿಯಲ್ಲಿ. "ಇಲ್ದಿದ್ರೆ ಮುದುಕನಾಗೋವರೆಗೂ ನನ್ನ ತಲೆ ತಿಂತಾನೆ. ಬಾಯಿಬಿಟ್ಟು ಹೇಳಲ್ಲ. ಸುಮ್ನೆ ಕೂತೇ ತಿಂತಾನೆ, ಅದು ಇನ್ನೂ ಕಷ್ಟ."

"ಅತ್ತಿಗೆ, ನಾನೇನು ಮಾಡ್ಲಿ?"

"ನೀನೇನೂ ಮಾಡ್ಬೇಡ. ಊಟ ಮಾಡು. ಹಾಗಂತ ಇಡೀ ಬಾಟ್ಲಿ ಆಯ್ವಾರ್ ಖಾಲಿ ಮಾಡ್ಬೇಡ."

*

ಗುರುವಾರ, ಹಬ್ಬದ ಮುನ್ನಾದಿನ. ವಿನ್ಯಾನಿಯ ಬೇಕರಿ, ಕ್ಷೌರದಂಗಡಿ, ಹೈಸ್ಕೂಲು ಎಲ್ಲವೂ ಮಧ್ಯಾಹ್ನಕ್ಕೇ ಮುಚ್ಚಿ, ಊರಿಗೆ ಊರೇ ಬಸ್ಸು ಹತ್ತಿ ಸ್ಕೋಪ್ಯೆಗೆ ಬಂದಿತ್ತು. ಎದುರಾಳಿ ವಿಯೆನ್ನಾದ ತಂಡ.

ಪಂದ್ಯಕ್ಕೆ ಮುಂಚೆ ಗೋಲಿಯನ್ನು ಸಜ್ಜು ಮಾಡುವುದು ಎರಡನೇ ಗೋಲಿಯ ಕೆಲಸ. ನಿಕೋಡಿನ್ ಚೆಂಡು ಒದೆಯುತ್ತಲೇ ಬಯ್ಯುತ್ತಿದ್ದ. "ಅವರ ಒಂಬತ್ತನೇ ನಂಬರಿನವನು ಎಡಗಾಲಿಗೆ ಹಾಕ್ಕೊಂಡೇ ಹೊಡೆಯೋದು, ಹೇಳಿದ್ದೀನಿ ತಾನೆ? ಮುಂದೆ ನುಗ್ಬೇಡ. ಪೀಪಾಯಿ ಕಣೋ, ಪೀಪಾಯಿ!"

ಪೀಪಾಯಿ ಅವನ ಸನ್ನೆ. ಚಳಿಗಾಲಕ್ಕೆ ಎಲೆಕೋಸನ್ನು ಉಪ್ಪುನೀರಿನ ಪೀಪಾಯಿಯಲ್ಲಿ ಹಾಕಿ ಮೇಲಿನಿಂದ ಒತ್ತುವ ಹಾಗೆ, ಎರಡು ಅಂಗೈಗಳನ್ನೂ ಕೆಳಕ್ಕೆ ಒತ್ತುವುದು. ಅರ್ಥ ಇಷ್ಟೇ: ನಿನ್ನ ಜಾಗ ಬಿಡಬೇಡ, ಗೋಲು ಬಿಟ್ಟು ಬರಬೇಡ. ಮುಂದೆ ನುಗ್ಗುವುದು ಕ್ಲಿಮೆಯ ಚಾಳಿ. ನಾಲ್ಕು ತಿಂಗಳಿಂದ ಪ್ರತಿ ಅಭ್ಯಾಸದಲ್ಲೂ ಅವನಿಗೆ ಈ ಸನ್ನೆ ಕಾಣಿಸುತ್ತಿತ್ತು. ಕಂಡ ಕೂಡಲೇ ಕಾಲು ತಾನಾಗಿ ನಿಲ್ಲುವಷ್ಟು ರೂಢಿಯಾಗಿತ್ತು.

ಪಂದ್ಯ ಕೆಟ್ಟದಾಗಿ ಹೋಯಿತು. ಮೊದಲರ್ಧದಲ್ಲಿ ಒಂದು ಗೋಲು ಬಿತ್ತು. ಎರಡನೆಯದು ಎಪ್ಪತ್ತು ನಿಮಿಷವಾದ ಮೇಲೆ, ನೇರವಾಗಿ ಕ್ಲಿಮೆಯ ಕೈಗೆ ಬಂದ ಚೆಂಡು. ಒದ್ದೆ ಸೋಪಿನಂತೆ ಜಾರಿ, ಎರಡು ಕಾಲಿನ ನಡುವೆ ನುಸುಳಿ ಗೆರೆ ದಾಟಿತು.

"ಕೈಗೆ ಎಣ್ಣೆ ಹಚ್ಕೊಂಡು ಬಂದಿದ್ದೀಯೇನೋ?" ಎಂದು ಗೋಲಿನ ಹಿಂದಿನಿಂದ ಒಬ್ಬ ಕೂಗಿದ. ಅದು ವಿನ್ಯಾನಿಯ ಕ್ಷೌರಿಕ. ನಾಡಿದ್ದು ಅವನ ಮುಂದೆಯೇ ಕತ್ತು ಕೊಟ್ಟು ಕೂರಬೇಕು.

ಮೇಷ್ಟ್ರು ಇದ್ದ ಮುಂಚೂಣಿ ಆಟಗಾರರನ್ನೆಲ್ಲ ಒಬ್ಬೊಬ್ಬರಾಗಿ ಮೈದಾನಕ್ಕೆ ಇಳಿಸಿದರು. ಉಳಿದದ್ದು ಒಂದೇ ಬದಲಿ, ಬೆಂಚಿನಲ್ಲಿ ಗೋಲು ಹೊಡೆಯಬಲ್ಲವರು ಯಾರೂ ಇರಲಿಲ್ಲ. ಸಹಾಯಕ ಕೋಚ್ ಮೆತೋದಿ ಫೋನಿನಲ್ಲಿ ಉಳಿದ ಹದಿನೇಳು ಪಂದ್ಯಗಳ ಸ್ಕೋರು ನೋಡುತ್ತಿದ್ದ. ಗೆಲುವಿಗೆ ಮೂರು, ಡ್ರಾಗೆ ಒಂದರ ಲೆಕ್ಕದಲ್ಲಿ ಲೊಜಾರ್‌ಗೆ ಏಳು ಅಂಕ. ಐಸ್‌ಲ್ಯಾಂಡಿನ ತಂಡಕ್ಕೂ ಏಳು, ಆದರೆ ಹೊಡೆದ ಗೋಲಿಗೂ ಬಿದ್ದ ಗೋಲಿಗೂ ಇರುವ ವ್ಯತ್ಯಾಸದಲ್ಲಿ ಲೊಜಾರ್ ಒಂದೇ ಒಂದು ಗೋಲಿನಷ್ಟು ಮೇಲೆ. ಲಾಟ್ವಿಯಾದವರು ಎರಡು ಸೊನ್ನೆಯಿಂದ ಮುಂದಿದ್ದರು. ಗೆದ್ದರೆ ಅವರಿಗೆ ಎಂಟು, ಡ್ರಾ ಆದರೆ ಆರೇ. ಅಂದರೆ ಈಗ ಇಪ್ಪತ್ತನಾಲ್ಕನೆಯ ಜಾಗ ಲಾಟ್ವಿಯಾಕ್ಕೆ, ಇಪ್ಪತ್ತೈದು ಲೊಜಾರ್‌ಗೆ, ಅದರ ಕೆಳಗೆ ಐಸ್‌ಲ್ಯಾಂಡ್. ಆಟ ನಿಂತಾಗ ನೀರು ಕುಡಿಯಲು ಬಂದ ಕ್ಲಿಮೆಗೆ ಮೆತೋದಿ ಗಂಟಲ ಮೇಲೆ ಬೆರಳು ಎಳೆದು ತೋರಿಸಿದ. ಮುಗೀತು.

ಗೋಲಿಗೆ ಮರಳುತ್ತ ಕ್ಲಿಮೆ ಗಡಿಯಾರ ನೋಡಿದ. ಎಂಬತ್ತಮೂರು. ಎರಡು ಗೋಲು ಬೇಕು, ಹೊಡೆಯುವವರಿಲ್ಲ. ಅಂತೂ ಲೆಕ್ಕಕ್ಕಿಲ್ಲದ ಆಟ ಬಂದಿತ್ತು. ಉಳಿದಿರುವುದು ಏಳೆಂಟು ನಿಮಿಷ. ಮೇಷ್ಟ್ರು ಕೈಕಟ್ಟಿ ನಿಂತಿದ್ದರು. ಅವರಿಗೆ ಕೊಟ್ಟ ಮಾತು ನೆನಪಿದ್ದಂತಿರಲಿಲ್ಲ.

ಕ್ಲಿಮೆ ತೊಡೆ ಹಿಡಿದುಕೊಂಡು ಹುಲ್ಲಿನ ಮೇಲೆ ಕೂತ.

ಡಾಕ್ಟರು ಚೀಲ ಹೊತ್ತು ಏದುಸಿರು ಬಿಡುತ್ತ ಓಡಿಬಂದರು. "ಏನಾಯ್ತೋ?"

"ಸ್ನಾಯು ಹಿಡಕೊಂಡಿದೆ ಡಾಕ್ಟ್ರೇ. ಆಗಲ್ಲ."

"ಯಾವ ಕಾಲು?"

"ಯಾವುದಾದ್ರೂ ಸರಿ."

ಡಾಕ್ಟರು ಅವನ ಮುಖ ನೋಡಿದರು. ಆಮೇಲೆ ಬೆಂಚಿನ ಕಡೆ ನೋಡಿದರು. ಅಲ್ಲಿ ನಿಕೋಡಿನ್ ಕೋಟಿನೊಳಗೆ ಕೈ ಹುದುಗಿಸಿ ಕೂತಿದ್ದ. ಡಾಕ್ಟರೂ ವಿನ್ಯಾನಿಯವರೇ, ಹದಿನೆಂಟು ವರ್ಷದಿಂದ ಅವನ ಬೆರಳು, ಭುಜ, ಪಕ್ಕೆಲುಬು ಕಟ್ಟಿದವರು. "ಎಡಗಾಲು ಅಂತ ಇಟ್ಕೊಳ್ಳೋಣ. ಕುಂಟು, ಆದರೆ ಜಾಸ್ತಿ ನಾಟಕ ಮಾಡ್ಬೇಡ," ಎಂದು ಬೆಂಚಿನ ಕಡೆ ಎರಡು ಕೈ ತಿರುಗಿಸಿ ಬದಲಿ ಬೇಕೆಂದು ಸೂಚಿಸಿದರು.

ಕ್ಲಿಮೆ ಕುಂಟುತ್ತ ಹೊರಬಂದಾಗ ಜನ ಶಿಳ್ಳೆ ಹಾಕಿದರು. "ಹೋಗು, ಎಲೆಕೋಸು ಮಾರು!" ತಪ್ಪು ಮಾಡಿ ಮುಖ ಮರೆಸಿಕೊಂಡು ಓಡುತ್ತಿದ್ದಾನೆ ಎಂದೇ ಎಲ್ಲರ ಲೆಕ್ಕ. ಗೆರೆಯ ಬಳಿ ನಿಕೋಡಿನ್ ಕೈಗವಸು ಬಿಗಿದುಕೊಂಡು ನಿಂತಿದ್ದ.

"ಜಾಸ್ತಿ ನೋವಾ ಮರಿ?"

"ಹೋಗಣ್ಣ, ಹೊತ್ತಾಗ್ತಿದೆ."

ನಿಕೋಡಿನ್ ಓಡಿದ. ಗೋಲಿಗೆ ಹೋಗಿ ಎರಡೂ ಕಂಬಕ್ಕೆ ಹಿಮ್ಮಡಿ ತಾಗಿಸಿದ. ಶಿಳ್ಳೆ ಹಾಕುತ್ತಿದ್ದವರೇ ಈಗ ಎದ್ದು ನಿಂತು ಅವನ ಹೆಸರು ಕೂಗಿದರು. ಮೂರನೇ ಸಾಲಿನಲ್ಲಿ ರುಮೆನಾ ಎರಡು ಕೈಯಲ್ಲೂ ಬಾಯಿ ಮುಚ್ಚಿಕೊಂಡಿದ್ದಳು. ಕ್ಲಿಮೆ ಬೆಂಚಿನಲ್ಲಿ ಕೂತ. ಡಾಕ್ಟರು ಅವಸರದಲ್ಲಿ ಐಸಿನ ಚೀಲವನ್ನು ಅವನ ಬಲತೊಡೆಗೆ ಕಟ್ಟಿದರು. ಇಬ್ಬರೂ ಅದನ್ನು ಗಮನಿಸಲಿಲ್ಲ.

ಮೇಷ್ಟ್ರು ತಿರುಗಿ ನೋಡದೆಯೇ ಹೇಳಿದರು: "ನನಗೆ ನೆನಪಿತ್ತು ಕಣೋ. ಧೈರ್ಯ ಬಂದಿರ್ಲಿಲ್ಲ."

ಐದು ನಿಮಿಷ ಎಲ್ಲವೂ ಸರಿಯಾಗಿತ್ತು. ನಿಕೋಡಿನ್ ದೂರದಿಂದ ಬಂದ ಒಂದು ಚೆಂಡನ್ನು ಎದೆಗವಚಿಕೊಂಡ. ಇನ್ನೊಂದನ್ನು ಮುಷ್ಟಿಯಿಂದ ಗುದ್ದಿ ಆಚೆ ಕಳಿಸಿದ. ಕ್ಲಿಮೆಗೆ ತನ್ನ ಕೈ ಜಾರಿದ ಗೋಲು ಕೂಡ ಸ್ವಲ್ಪ ಮರೆತಿತ್ತು.

"ಲಾಟ್ವಿಯಾದವರಿಗೆ ಒಂದು ಬಿತ್ತು," ಎಂದ ಮೆತೋದಿ. "ಎರಡು-ಒಂದು."

ಮೇಷ್ಟ್ರು ಕಟ್ಟಿದ್ದ ಕೈ ಬಿಡಿಸಿದರು.

ತೊಂಬತ್ತು ದಾಟಿತು. ರೆಫರಿ ಮೂರು ನಿಮಿಷ ಹೆಚ್ಚು ಕೊಟ್ಟಿದ್ದ. ಲೊಜಾರ್‌ನ ಹುಡುಗನೊಬ್ಬ ಹೇಗೋ ಮೂಲೆಯವರೆಗೆ ಚೆಂಡು ಕೊಂಡೊಯ್ದು ಕಾರ್ನರ್ ಗಿಟ್ಟಿಸಿದ. ಅದೇ ಗಳಿಗೆಗೆ ಮೆತೋದಿಯ ಕೈಯಿಂದ ಫೋನು ಬಿದ್ದು, ಅವನು ನೆಲಕ್ಕೆ ಕುಕ್ಕರಿಸಿದ. "ಎರಡು-ಎರಡು! ಲಾಟ್ವಿಯಾ ಎರಡು-ಎರಡು! ನಾವು ಇಪ್ಪತ್ತನಾಲ್ಕು! ಮೇಷ್ಟ್ರೇ, ಹೀಗೇ ನಿಂತ್ರೆ ನಾವು ಪಾಸು!"

"ಇನ್ನೊಂದು ಗೋಲು ಬಿದ್ರೆ?"

"ಐಸ್‌ಲ್ಯಾಂಡ್ ಪಾಸು. ಒಂದು ಬಿದ್ರೂ ಸಾಕು, ವ್ಯತ್ಯಾಸ ಸಮ ಆಗುತ್ತೆ. ಗೋಲು ಹೊಡೆದಿರೋದರಲ್ಲಿ ಅವರೇ ಮುಂದೆ."

ಕ್ಲಿಮೆ ತಮ್ಮ ಗೋಲಿನತ್ತ ನೋಡಿದ. ಲೆಕ್ಕಕ್ಕಿಲ್ಲದ ಆಟ ಕ್ಷಣದಲ್ಲಿ ಊರಿನ ನೂರು ವರ್ಷದ ಲೆಕ್ಕವೆಲ್ಲ ಇದರ ಮೇಲೆಯೇ ನಿಂತ ಆಟವಾಗಿತ್ತು. ಗೋಲಿನಲ್ಲಿ ಐದು ತಿಂಗಳಿಂದ ಪಂದ್ಯ ಕಾಣದ ಮೂವತ್ತೆಂಟರ ಗೋಲಿ. ಅವನನ್ನು ಅಲ್ಲಿ ನಿಲ್ಲಿಸಿದವನು ತಾನು. ಸುಳ್ಳು ಕಾಲು ಹಿಡಿದುಕೊಂಡು ಕೂತವನು ತಾನು.

ಅಷ್ಟರಲ್ಲಿ ಗ್ಯಾಲರಿಯವರ ಫೋನುಗಳಿಗೂ ಸುದ್ದಿ ಬಂತು. ಸಾಲು ಸಾಲಾಗಿ ಎದ್ದು ಜನ ಹುಚ್ಚು ಹಿಡಿದವರಂತೆ ಅರಚತೊಡಗಿದರು. ಮೈದಾನದ ಆ ತುದಿಯಲ್ಲಿದ್ದ ನಿಕೋಡಿನನಿಗೆ ಆ ಅರಚಾಟಕ್ಕೆ ಒಂದೇ ಅರ್ಥ. ಕೊನೆಯ ಗಳಿಗೆ, ಕಾರ್ನರ್, ತಂಡ ಸೋಲುತ್ತಿದೆ. ಇಂಥ ಹೊತ್ತಿನಲ್ಲಿ ಗೋಲಿಯೂ ಎದುರಾಳಿಯ ಗೋಲಿನ ಮುಂದೆ ಹೋಗಿ ತಲೆ ಕೊಡುತ್ತಾನೆ. ಊರು ತನ್ನನ್ನು ಕರೆಯುತ್ತಿದೆ. ಅವನು ಗೋಲು ಬಿಟ್ಟು ಓಡತೊಡಗಿದ.

"ಅಯ್ಯೋ, ಬರ್ತಿದ್ದಾನೆ!" ಎಂದರು ಮೇಷ್ಟ್ರು. "ನಿಕೋಡಿನ್! ವಾಪಸ್! ವಾಪಸ್ ಹೋಗೋ!" ಅವರ ದನಿ ಅವರಿಗೇ ಕೇಳಿಸುತ್ತಿರಲಿಲ್ಲ. ಬೆಂಚಿನವರೆಲ್ಲ ಒಟ್ಟಿಗೆ ಕೈ ಬೀಸಿದರು. ಅದು 'ಬಾ' ಎಂದೋ 'ಹೋಗು' ಎಂದೋ ದೇವರಿಗೇ ಗೊತ್ತು. ನಿಕೋಡಿನ್ ಇನ್ನೂ ವೇಗ ಹೆಚ್ಚಿಸಿದ. ಮುಖದಲ್ಲಿ ನಗು.

ಕ್ಲಿಮೆ ಎದ್ದ. ಬೆಂಚಿನವರು ದಾಟಬಾರದ ಗೆರೆ ದಾಟಿ ಮೈದಾನದ ಅಂಚಿನಲ್ಲಿ, ಮಧ್ಯಗೆರೆಯತ್ತ ಶಕ್ತಿ ಇದ್ದಷ್ಟೂ ಓಡಿದ. ತಡೆಯಬಂದ ಅಧಿಕಾರಿಯ ತೋಳಿನಡಿ ನುಸುಳಿದ. ನಿಕೋಡಿನ್ ಮಧ್ಯಗೆರೆ ತಲುಪುವ ಹೊತ್ತಿಗೆ ಸರಿಯಾಗಿ ಅವನೆದುರು ನಿಂತು, ಏನೂ ಕೂಗದೆ, ಎರಡೂ ಅಂಗೈ ಕೆಳಕ್ಕೆ ಒತ್ತಿದ. ಮತ್ತೆ ಒತ್ತಿದ.

ಪೀಪಾಯಿ.

ನಿಕೋಡಿನ್ ನಿಂತ. ನಗು ಇನ್ನೂ ಮುಖದಲ್ಲೇ ಇತ್ತು. ಒಮ್ಮೆ ದೂರದ ಗೋಲಿನ ಕಡೆ ನೋಡಿದ. ಅಲ್ಲಿ ಕಾರ್ನರ್ ಒದೆಯುವವನು ಚೆಂಡು ಇಟ್ಟು ಹಿಂದೆ ಸರಿಯುತ್ತಿದ್ದ. ಒಮ್ಮೆ ಕ್ಲಿಮೆಯ ಕೈ ನೋಡಿದ. ಯಾಕೆ ಎಂದು ಅವನಿಗೆ ಗೊತ್ತಿರಲಿಲ್ಲ, ಕೇಳಲು ಹೊತ್ತೂ ಇರಲಿಲ್ಲ. ಮುಖದ ನಗು ಆರಿತು. ತಿರುಗಿ ತನ್ನ ಗೋಲಿನತ್ತ ಓಡಿದ.

ಕಾರ್ನರಿನ ಚೆಂಡನ್ನು ವಿಯೆನ್ನಾದವರು ತಲೆಯಿಂದ ಆಚೆ ತಳ್ಳಿದರು. ಅವರ ಒಂಬತ್ತನೇ ನಂಬರಿನವನು ಅದನ್ನು ಎಡಗಾಲಿಗೆ ಹಾಕಿಕೊಂಡು, ಮಧ್ಯಗೆರೆಯ ಬಳಿಯಿಂದಲೇ ಖಾಲಿ ಗೋಲಿಗೆ ಎತ್ತಿ ಒದ್ದ. ಚೆಂಡು ದೊಡ್ಡ ಕಮಾನಾಗಿ ಇಳಿಯಿತು. ನಿಕೋಡಿನ್ ಹಿಮ್ಮುಖವಾಗಿ ಹೆಜ್ಜೆ ಹಾಕುತ್ತ, ಗೆರೆಯ ಒಂದು ಮಾರು ಮುಂದೆ, ಅದನ್ನು ಎರಡು ಕೈಯಲ್ಲಿ ಹಿಡಿದ. ಅಂಥ ಕಷ್ಟದ ಚೆಂಡೇನಲ್ಲ. ಅಲ್ಲಿ ಒಬ್ಬ ಗೋಲಿ ಇದ್ದರೆ ಸಾಕಿತ್ತು.

ರೆಫರಿ ಸೀಟಿ ಊದಿ ಪಂದ್ಯ ಮುಗಿಸಿದ. ಆಮೇಲೆ ಅಂಚಿಗೆ ಬಂದು ಕ್ಲಿಮೆಗೆ ಹಳದಿ ಕಾರ್ಡ್ ತೋರಿಸಿದ.

ನಿಕೋಡಿನ್ ಚೆಂಡು ಕಂಕುಳಲ್ಲಿಟ್ಟುಕೊಂಡೇ ನೇರವಾಗಿ ಕ್ಲಿಮೆಯ ಬಳಿ ಬಂದ. ಕಣ್ಣು ಕೆಂಪಾಗಿತ್ತು. "ಯಾಕೋ ನಿಲ್ಲಿಸ್ದೆ? ಹೆಂಗೂ ಸೋತಿದ್ವಿ. ಒಂದು ಸಲ ಅಲ್ಲಿಗೆ ಹೋಗಿ ಬರ್ತಿದ್ದೆ. ನಿಂದೇನು ಗಂಟು ಹೋಗ್ತಿತ್ತು?"

"ಲಾಟ್ವಿಯಾ ಡ್ರಾ ಅಣ್ಣ. ನಾವು ಇಪ್ಪತ್ತನಾಲ್ಕು."

"ಏನು?"

"ನಿಮ್ಮ ಕಾಳು. ಒಳಗಿರೋ ಕೊನೇ ಕಾಳು."

ಮೆತೋದಿಯ ಸುತ್ತ ಇಡೀ ತಂಡ ತಲೆಗೆ ತಲೆ ತಾಗಿಸಿ ನಿಂತಿತ್ತು. ಲಾಟ್ವಿಯಾದವರ ಪಂದ್ಯ ಇನ್ನೂ ಮುಗಿದಿರಲಿಲ್ಲ. ನಿಕೋಡಿನ್ ಆ ಗುಂಪನ್ನು ನೋಡಿದ, ಗ್ಯಾಲರಿ ನೋಡಿದ, ಕೈಯಲ್ಲಿದ್ದ ಚೆಂಡು ನೋಡಿದ. ನಿಧಾನವಾಗಿ ಅವನಿಗೆ ತಾನು ಏನನ್ನು ಹಿಡಿದೆ ಎಂದು ಹೊಳೆಯಿತು. ಅಲ್ಲೇ ಹುಲ್ಲಿನ ಮೇಲೆ ಕೂತುಬಿಟ್ಟ.

"ನೀನು ಪೀಪಾಯಿ ಅಂದೆ, ನಾನು ವಾಪಸ್ ಹೋದೆ," ಎಂದ. "ಬೇರೆ ಯಾರು ಹೇಳಿದ್ರೂ ಹೋಗ್ತಿರ್ಲಿಲ್ಲ."

ಆಗ ಗುಂಪು ಸಿಡಿಯಿತು. ಲಾಟ್ವಿಯಾ ಮುಗಿದಿತ್ತು. ಹುಡುಗರು ಒಬ್ಬರ ಮೇಲೊಬ್ಬರು ಬಿದ್ದರು. ಮೇಷ್ಟ್ರು ಕೋಟು ಕಳಚಿ ಎಸೆದರು. ಎಲೆಕೋಸು ಮಾರು ಎಂದವನೇ ಕ್ಲಿಮೆಯ ಹೆಸರು ಕೂಗುತ್ತಿದ್ದ. ರುಮೆನಾ ಕಂಬಿಯ ಬಳಿಗೆ ಓಡಿಬಂದು, "ನಿಕೋ! ಚೆಂಡು ವಾಪಸ್ ಕೊಡ್ಬೇಡ! ಮನೆಗೆ ತಗೊಂಡು ಬಾ!" ಎಂದು ಅರಚುತ್ತಿದ್ದಳು.

ಕ್ಲಿಮೆ ನಿಕೋಡಿನನ ಪಕ್ಕ ಕೂತ. ಅವನಿಗೆ ಫೆಬ್ರವರಿ ನೆನಪಾಯಿತು. ಎರಡು ಪಂದ್ಯ, ಎರಡೂ ಲೆಕ್ಕಕ್ಕಿರುವ ಪಂದ್ಯ. ಮೇಷ್ಟ್ರು ನಿಕೋಡಿನನ ಕರಾರು ಎರಡು ತಿಂಗಳು ಮುಂದೂಡಬಹುದು. ಬೆಂಚಿನಲ್ಲಿ ಕೂರಲಿಕ್ಕೆ, ತನಗೆ ಚೆಂಡು ಒದೆಯಲಿಕ್ಕೆ. ಇನ್ನೊಮ್ಮೆ ಗೋಲಿನಲ್ಲಿ ನಿಲ್ಲಲಿಕ್ಕಂತೂ ಅಲ್ಲ. ಅದು ನಿಕೋಡಿನನಿಗೂ ಗೊತ್ತಿದ್ದಿರಬೇಕು.

"ಓಡಿದ್ಯಲ್ಲೋ," ಎಂದ ನಿಕೋಡಿನ್ ಇದ್ದಕ್ಕಿದ್ದಂತೆ.

"ಆಂ?"

"ಅಲ್ಲಿಂದ ಇಲ್ಲಿವರೆಗೆ. ಕುದುರೆ ಥರ."

ಕ್ಲಿಮೆ ಅವಸರದಿಂದ ಎಡತೊಡೆ ಹಿಡಿದುಕೊಂಡು ಮುಖ ಕಿವಿಚಿದ. "ನೋವು ಈಗ ಶುರುವಾಗ್ತಿದೆ ಅಣ್ಣ. ಮೈ ಬಿಸಿ ಇದ್ದಾಗ ಗೊತ್ತಾಗ್ಲಿಲ್ಲ."

ನಿಕೋಡಿನ್ ಅವನ ಎಡತೊಡೆ ನೋಡಿದ. ಬಲತೊಡೆಗೆ ಕಟ್ಟಿದ್ದ ಐಸಿನ ಚೀಲ ನೋಡಿದ. ಅದರಿಂದ ನೀರು ತೊಟ್ಟಿಕ್ಕಿ ಕ್ಲಿಮೆಯ ಕಾಲುಚೀಲ ನೆನೆದಿತ್ತು. ಆಮೇಲೆ ಚೆಂಡನ್ನು ಮಡಿಲಲ್ಲಿಟ್ಟುಕೊಂಡು, ಕೈಗವಸು ಕಳಚಿ, ಸೊಟ್ಟ ಬೆರಳಿನಿಂದ ಗಂಟು ಬಿಚ್ಚಿದ. ಚೀಲವನ್ನು ಬಲತೊಡೆಯಿಂದ ತೆಗೆದು ಎಡತೊಡೆಗಿಟ್ಟು, ಸಡಿಲವಾಗದಂತೆ ಗಟ್ಟಿಯಾಗಿ ಕಟ್ಟಿದ.

"ನಾಳೆ ಹಬ್ಬ. ಹೊತ್ತಿಗೆ ಮುಂಚೆ ಬಾ," ಎಂದ. "ರುಮೆನಾ ಎದುರಿಗೆ ಇದೇ ಕಾಲು ಕುಂಟು."